ರಹಮಾನಸಾಬರ ಬೆಕ್ಕಿನ ಪಾಲು

ಬಳಗಾನೂರಿನ ಮಕ್ತುಂಬೀ ಕೌದಿ ಹೊಲಿಯುವವರು. ಅವರ ಕೌದಿ ಕೇಳಿದ ದಿನಕ್ಕೆ ಸಿಗುವುದಿಲ್ಲ. ಹೊಲಿಗೆ ಮಾತ್ರ ಬಿಚ್ಚುವುದಿಲ್ಲ. ಗಂಡ ರಹಮಾನಸಾಬ ತೀರಿಕೊಂಡ ಮೇಲೆ ಆತ ಸಾಕಿದ್ದ ಬೂದು ಬೆಕ್ಕು ಇವರ ಮಗ್ಗುಲಿಗೆ ಬಂದು ಕೂಡತೊಡಗಿತು.

ಪ್ರತಿ ಗುರುವಾರ ಸಂಜೆ ಗಂಡನ ಹೆಸರಿನಲ್ಲಿ ಮಾಂಸದ ಸಾಲನ್ ಮಾಡಿ, ಅದರ ಮುಂದೆ ಮೈದುನ ಕರೀಂಸಾಬರಿಂದ ಫಾತೇಹಾ ಪ್ರಾರ್ಥನೆ ಓದಿಸುತ್ತಾರೆ. ಗಂಡನಿಗೆ ಇಷ್ಟವಾಗುತ್ತಿದ್ದ ಹಾಗೆ ಉಳ್ಳಾಗಡ್ಡಿ ಕೆಂಪಗೆ ಹುರಿದು ಅರೆದು ಹಾಕಿದ ಸಾಲನ್. ಫಾತೇಹಾ ಓದಿದ ಅಡುಗೆ ಕಾಲಡಿ ಬೀಳಬಾರದು, ಗಟಾರ ಸೇರಬಾರದು. ಓಣಿಯಲ್ಲಿ ಹಂಚಿ ಉಳಿದದ್ದಕ್ಕೆ ರೊಟ್ಟಿ ಮುರಿದು ಬೆಕ್ಕಿಗೆ ಇಡುತ್ತಿದ್ದರು. ಅದು ತಿಂದರೆ ಆತನಿಗೆ ಮುಟ್ಟಿತು ಎಂದೇ ಅವರ ನಂಬಿಕೆ.

ಈ ಚಳಿಗಾಲ ಬೆಕ್ಕು ಕೌದಿ ಬಿಟ್ಟು ಏಳದಾಯಿತು. ಅದರ ವಸಡು ಬಿಳಿಚಿಕೊಂಡಿತ್ತು. ಮಕ್ತುಂಬೀ ಅದನ್ನು ಬುಟ್ಟಿಯಲ್ಲಿಟ್ಟು, ಮೇಲೆ ಸೀರೆ ಕಟ್ಟಿ, ಬಸ್ಸಿನಲ್ಲಿ ಮಸ್ಕಿಯ ಪಶು ಆಸ್ಪತ್ರೆಗೆ ಒಯ್ದರು. ಡಾಕ್ಟರ್ ಮಹೇಶ್ವರಿ ಏನು ತಿನ್ನಿಸುತ್ತೀರಿ ಎಂದು ವಿಚಾರಿಸಿದರು. ಇವರು ಸಾಲನ್ ಮಾಡುವ ಬಗೆಯನ್ನೂ ಬಿಡದೆ ಹೇಳಿದರು. ಉಳ್ಳಾಗಡ್ಡಿ, ಬಳ್ಳೊಳ್ಳಿ ಹಸಿಯಿರಲಿ, ಬೆಂದಿರಲಿ, ಬೆಕ್ಕಿನ ರಕ್ತ ಕೆಡಿಸುತ್ತವೆ. ಇನ್ನೂ ತಿಂದರೆ ಇದು ಉಳಿಯುವುದಿಲ್ಲ ಎಂದರು ಡಾಕ್ಟರ್.

ಮಕ್ತುಂಬೀ ಬುಟ್ಟಿಯನ್ನು ತಮ್ಮ ಕಡೆಗೆ ಎಳೆದುಕೊಂಡರು. "ಫಾತೇಹಾ ಓದಿದ್ದು ವಿಷ ಆಗ್ತದೇನ್ರೀ?"

"ಓದಿದ್ದಲ್ಲಮ್ಮ, ಉಳ್ಳಾಗಡ್ಡಿ."

ಔಷಧ ನಡೆಯಿತು. ಮುಂದಿನ ಗುರುವಾರ ಮಕ್ತುಂಬೀ ಉಳ್ಳಾಗಡ್ಡಿ ಬುಟ್ಟಿಯ ಮುಂದೆ ಒಂದನ್ನೂ ಹೆಚ್ಚದೆ ಕುಳಿತದ್ದನ್ನು ಸೊಸೆ ಗೌಸಿಯಾ ನೋಡಿದಳು.

"ಉಳ್ಳಾಗಡ್ಡಿ ಇಲ್ಲಂದ್ರ ಮಾಮಾಗ ತುತ್ತು ಇಳೀತಿದ್ದಿಲ್ಲ. ಈಗ ಬೆಕ್ಕಿನ ಸಲುವಾಗಿ ಅವರಿಗೆ ಪಥ್ಯ ಹಚ್ತೀರೇನ್ರೀ ಅತ್ತಿ?"

ಮಕ್ತುಂಬೀ ನಕ್ಕರು. ಮಸಾಲೆಗೆ ಕೈಹಾಕುವ ಮೊದಲೇ ನಾಲ್ಕು ಚೂರು ಮಾಂಸ ಬೇರೆ ತೆಗೆದು, ಉಪ್ಪು ಕೂಡ ಹಾಕದೆ ಬರೀ ನೀರಿನಲ್ಲಿ ಬೇಯಿಸಿ, ಎಲುಬು ಬಿಡಿಸಿದರು. ಸಾಲನ್ ಎಂದಿನಂತೆಯೇ ಆಯಿತು. ಫಾತೇಹಾಕ್ಕೆ ಎರಡನ್ನೂ ಇಟ್ಟರು.

ಕರೀಂಸಾಬರು ಸಪ್ಪೆ ಬಟ್ಟಲು ನೋಡಿ, ಇದು ಯಾರ ಹೆಸರಿನದು ಎಂದು ಕೇಳಿದರು.

"ನಿಮ್ಮಣ್ಣಂದ. ಓದ್ರಿ."

ಅವರು ಓದಿದರು. ಬೆಕ್ಕು ಬಟ್ಟಲು ಮೂಸಿ ಮುಖ ತಿರುಗಿಸಿತು. ಮಕ್ತುಂಬೀ ಒಂದು ಚೂರು ಹಿಸುಕಿ ಬೆರಳ ತುದಿಯಲ್ಲಿ ಹಿಡಿದರು. ಬಹಳ ಹೊತ್ತಿನ ಮೇಲೆ ಅದು ನೆಕ್ಕಿತು. ಆಮೇಲೆ ತಾನೇ ಬಟ್ಟಲಿಗೆ ಬಾಯಿ ಹಾಕಿತು. ಓಣಿಗೆ ಕೊಡಬೇಕಾದ ಸಾಲನ್ ಆರುತ್ತಿದೆ ಎಂದು ಗೌಸಿಯಾ ಒಳಗಿನಿಂದ ಕರೆದಳು. ಬರುತ್ತೇನೆ ಎಂದರು ಮಕ್ತುಂಬೀ, ಏಳಲಿಲ್ಲ.