ಲೆಕ್ಕಕ್ಕೆ ಬಾರದ ಒಂದನೇ ಮಗು

ಬಟ್ಟೆ ಒದ್ದೆಯಾಗಿತ್ತು. ಬಸುರಿನಲ್ಲಿ ಮೂತ್ರ ಸೋರುವುದುಂಟು, ಅಂದಳು ಅವ್ವ. ನನಗೆ ಅನುಮಾನ ಬಂತು.

ಅನುಮಾನ ಪಡುವುದಕ್ಕೇ ನನಗೆ ಸಂಬಳ. ನಾಶಿಕದ ಮನೆಯಲ್ಲಿ ಕೂತು ಅಮೆರಿಕದ ಆಸ್ಪತ್ರೆಗಳ ಕೇಸ್ ಪೇಪರ್ ಓದಿ, ಪ್ರತಿ ಕಾಯಿಲೆಗೂ ಅದರ ಕೋಡ್ ಹಾಕುವ ಕೆಲಸ ನನ್ನದು. ಮೆಡಿಕಲ್ ಕೋಡಿಂಗ್ ಅನ್ನುತ್ತಾರೆ. ಡಾಕ್ಟರು ಬರೆಯದ್ದನ್ನು ನಂಬಬಾರದು, ಬರೆದದ್ದನ್ನೂ ಮತ್ತೊಮ್ಮೆ ನೋಡಬೇಕು. ಬೆಳ್ಳಗಿರುವುದೆಲ್ಲ ಹಾಲಲ್ಲ ಎನ್ನುವುದೇ ನನ್ನ ಹೊಟ್ಟೆಪಾಡು. ಗರ್ಭಚೀಲದ ನೀರಿಗೆ ಇನ್ಫೆಕ್ಷನ್ ಆದರೆ ಅದಕ್ಕೂ ಒಂದು ಕೋಡ್ ಇದೆ. ಅದರ ಕೊನೆಯ ಅಂಕಿ, ಯಾವ ಮಗುವಿನ ಚೀಲ ಎಂಬುದನ್ನು ಹೇಳುತ್ತದೆ. ಅವಳಿಯಾದರೆ ಒಂದು ಅಥವಾ ಎರಡು. ಹೊಟ್ಟೆಯಲ್ಲಿ ಒಂದೇ ಮಗುವಿದ್ದರೆ ಸೊನ್ನೆ.

ನನ್ನ ಹೊಟ್ಟೆಯಲ್ಲಿ ಎರಡಿದ್ದವು.

ಕುಬಸಕ್ಕೆಂದು ಸಂಭಾಜಿನಗರದ ತವರಿಗೆ ಬಂದಿದ್ದೆ. ನಮ್ಮದು ಬೀದರ್ ಕಡೆಯ ಮನೆತನ. ಅಪ್ಪ ಚಿಕಲಠಾಣಾದ ಕಾರ್ಖಾನೆಯಲ್ಲಿ ದುಡಿದು ಇಲ್ಲೇ ನೆಲೆ ನಿಂತವರು. ಊರು ಬಿಟ್ಟರೂ ಅವ್ವ ಊರಿನ ರೂಢಿ ಬಿಟ್ಟವಳಲ್ಲ. ಹಸಿರು ಸೀರೆ, ಹಸಿರು ಬಳೆ, ಉಡಿ ತುಂಬುವುದು ಎಲ್ಲ ಆಯಿತು. ಅವಳಿ ಎಂಬುದನ್ನು ಮಾತ್ರ ಯಾರಿಗೂ ಹೇಳಗೊಡಲಿಲ್ಲ.

"ಎರಡವ ಅಂತ ಬಾಯಿ ಬಿಟ್ಟು ಹೇಳಬ್ಯಾಡವ್ವಾ, ದೃಷ್ಟಿ ತಾಗ್ತದ. ಕೇಳಿದವರಿಗಿ ಒಂದೇ ಅನ್ನು," ಅಂದಿದ್ದಳು. ನಾನು ನಕ್ಕು ಹೂಂಗುಟ್ಟಿದ್ದೆ.

ಬಟ್ಟೆ ಒದ್ದೆಯಾದ ದಿನವೇ ಮಧ್ಯಾಹ್ನಕ್ಕೆ ಚಳಿಜ್ವರ ಹತ್ತಿತು. ಗಂಡ ಆಗಲೇ ನಾಶಿಕಕ್ಕೆ ಮರಳಿದ್ದರು. ಮೈ ಕೆಂಡವಾಗಿದ್ದರೂ ತಲೆ ಸುಮ್ಮನಿರಲಿಲ್ಲ. ಒಬ್ಬೊಬ್ಬರನ್ನೇ ಹಿಡಿದು ವಿಚಾರಣೆ ನಡೆಸಿತ್ತು. ಪ್ರಯಾಣಕ್ಕೆ ಹೂಂ ಅಂದ ನಾಶಿಕದ ಡಾಕ್ಟರು, ಬರುವ ದಾರಿಯಲ್ಲಿ ಯೇವಲಾ ಊರು ದಾಟಿದ ಮೇಲೆ ಕಾರನ್ನು ಗುಂಡಿಗಿಳಿಸಿದ ಗಂಡ, ನನ್ನ ಹೊಟ್ಟೆಯಿಂದ ಕಣ್ಣು ಕೀಳದ ಪಕ್ಕದ ಮನೆಯಾಕೆ, ಎಲ್ಲರ ಮೇಲೂ ಗುಮಾನಿ. ಅವ್ವನೊಬ್ಬಳ ಮೇಲೆ ಇರಲಿಲ್ಲ.

ಆಟೋದಲ್ಲಿ ಹತ್ತಿರದ ಆಸ್ಪತ್ರೆಗೆ ಹೋದೆವು. ಗಡಿಬಿಡಿಯಲ್ಲಿ ನನ್ನ ಫೈಲು ಮನೆಯಲ್ಲೇ ಉಳಿಯಿತು. ನಾನು ಹಲ್ಲು ಕಟಕಟಿಸುತ್ತ ಮಲಗಿದ್ದೆ. ಸಿಸ್ಟರ್ ಕೇಳಿದ್ದಕ್ಕೆಲ್ಲ ಅವ್ವನೇ ಉತ್ತರ ಕೊಟ್ಟಳು. ಹೊಟ್ಟೆಯ ಮೇಲೆ ಪ್ರೋಬ್ ಇಟ್ಟು ಬೆಲ್ಟ್ ಬಿಗಿದರು. ಮಷೀನು ಟಪಟಪ ಅಂತು.

"ಠೋಕೆ ಛಾನ್ ಆಹೇತ್, ತಾಯಿ. ಕಾಳಜಿ ಕರೂ ನಕಾ," ಅಂದಳು ಸಿಸ್ಟರ್. ಎದೆಬಡಿತ ಚೆನ್ನಾಗಿದೆಯಂತೆ, ಚಿಂತೆ ಬೇಡವಂತೆ.

ಯಾರ ಎದೆಬಡಿತ?

ತಲೆಯೆತ್ತಿ ನೋಡಿದೆ. ಎದೆಬಡಿತ ಕೇಳುವ ಪ್ರೋಬ್ ಒಂದೇ ಇತ್ತು. ಇನ್ನೊಂದೆಲ್ಲಿ ಎಂದು ಕೇಳಿದೆ.

"ಬೇಬಿ ಏಕಚ್ ನಾ?" ಮಗು ಒಂದೇ ತಾನೆ ಎನ್ನುತ್ತ ಸಿಸ್ಟರ್ ಅವ್ವನ ಮುಖ ನೋಡಿದಳು. ಅವ್ವ ನೆಲ ನೋಡಿದಳು.

"ಏನ್ ಹೇಳಿದಿ ಅವ್ವಾ, ಇವರಿಗಿ?"

"ಮಂದಿ ಬಾಳ ಇದ್ರು... ಒಂದೇ ಅಂದೆ. ಡಾಕ್ಟರ್ ಬಂದ ಮ್ಯಾಲ ಕಿವ್ಯಾಗ ಹೇಳಿದ್ರಾಯ್ತು ಅಂತ..."

ಅಯ್ಯೋ ದೇವರೇ! ಇಡೀ ವಾರ್ಡು ತಿರುಗಿ ನೋಡುವಂತೆ ಕಿರುಚಿದೆ. "ಎರಡವ! ದೋನ್ ಆಹೇತ್! ಟ್ವಿನ್ಸ್!" ಯಾರ ದೃಷ್ಟಿ ತಾಗುವುದಿದ್ದರೂ ಆಗಲೇ ತಾಗಿಹೋಗಲಿ ಅನ್ನಿಸಿತು.

ಡಾಕ್ಟರ್ ಓಡಿ ಬಂದರು. ಸ್ಕ್ಯಾನ್ ಮಾಡಿದರು. ಮಷೀನು ಹಿಡಿದದ್ದು ಮೇಲಿನ ಮಗುವಿನ ಬಡಿತ, ಅದು ಸುಖವಾಗಿತ್ತು. ನೀರು ಒಡೆದದ್ದು ಕೆಳಗಿನ ಮಗುವಿನ ಚೀಲ. ಅದರ ಪುಟ್ಟ ಎದೆ ಹುಚ್ಚು ಹಿಡಿದಂತೆ ಓಡುತ್ತಿತ್ತು. ಕೆಳಗಿನದನ್ನೇ ಒಂದನೇ ಮಗು ಎಂದು ಲೆಕ್ಕ ಹಿಡಿಯುತ್ತಾರೆ. ಆ ಒಂದನೇದು ಈ ಆಸ್ಪತ್ರೆಯ ಪಾಲಿಗೆ ಅಷ್ಟು ಹೊತ್ತೂ ಇರಲೇ ಇಲ್ಲ.

"ಕೋರಿಯೋಆಮ್ನಿಯೋನೈಟಿಸ್ ಇರಬಹುದು," ಎಂದರು ಡಾಕ್ಟರ್. ಅದೇ, ಗರ್ಭಚೀಲದ ನೀರಿನ ಇನ್ಫೆಕ್ಷನ್.

"ಇರಬಹುದು ಅಂದರೆ? ಒಂದನೇ ಚೀಲಕ್ಕೋ, ಎರಡಕ್ಕೂನೋ?"

"ಮ್ಯಾಡಂ, ಅದನ್ನು ಆಮೇಲೆ ನೋಡೋಣ. ಈಗ ಸಿಝೇರಿಯನ್. ಸಹಿ ಮಾಡಿ."

ಮಾಡಿದೆ. ಓದದೆ ಸಹಿ ಮಾಡಿದ್ದು ಜೀವನದಲ್ಲಿ ಅದೇ ಮೊದಲು.

ಎರಡನೇದು ಗಂಡು, ಹುಟ್ಟುತ್ತಲೇ ಚೀರಿತು.

ಒಂದನೇದು ಹೆಣ್ಣು. ಅಳಲಿಲ್ಲ.

ಇಬ್ಬರೂ ಎಳೆಕೂಸುಗಳ ತೀವ್ರ ನಿಗಾ ಘಟಕಕ್ಕೆ, ಎನ್‌ಐಸಿಯುಗೆ ಹೋದರು. ಗಂಡು ಬೇಗ ಹೊರಬಂತು. ಹೆಣ್ಣುಕೂಸು ವೆಂಟಿಲೇಟರ್ ಮೇಲೆ, ಆಂಟಿಬಯಾಟಿಕ್ ಮೇಲೆ ಉಳಿಯಿತು. ನಾಶಿಕದಿಂದ ಧಾವಿಸಿ ಬಂದ ಗಂಡ ಗಾಜಿನ ಆಚೆ ನಿಂತು ಅಳುತ್ತಿದ್ದರು. ನನಗೆ ಅಳುವುದಕ್ಕೂ ಪುರುಸೊತ್ತಿರಲಿಲ್ಲ. ಕಾಲಿನ ಟ್ಯಾಗ್ ನೋಡುತ್ತಿದ್ದೆ, ಔಷಧಿಯ ಹೆಸರು ಕೇಳುತ್ತಿದ್ದೆ. 'ಸ್ಟೇಬಲ್' ಅಂದ ಡಾಕ್ಟರನ್ನು, ನಿನ್ನೆಗಿಂತ ಮೇಲೋ ಕೆಳಗೋ ಹೇಳಿ ಎಂದು ಪೀಡಿಸುತ್ತಿದ್ದೆ. ಒಳ್ಳೆಯ ಸುದ್ದಿ ಬಂದಾಗ ಇನ್ನೂ ಹೆಚ್ಚು ಭಯವಾಗುತ್ತಿತ್ತು.

ಅವ್ವನ ಮೇಲಿನ ಸಿಟ್ಟು ಹೇಳತೀರದು. ಮಂದಿಯ ಕಣ್ಣಿನಿಂದ ಕಾಪಾಡಲು ಹೋಗಿ ಕೂಸನ್ನು ಡಾಕ್ಟರ ಕಣ್ಣಿಗೇ ಮರೆ ಮಾಡಿದಳಲ್ಲ! ಆದರೆ ನನಗಿಂತ ಮೊದಲು ಹೆತ್ತ ಮಕ್ಕಳನ್ನೆಲ್ಲ ತೊಟ್ಟಿಲಲ್ಲೇ ಕಳೆದುಕೊಂಡವಳು ಅವಳು. ಊರಿಗೆಲ್ಲ ಹೇಳಿಕೊಂಡು ಸಂಭ್ರಮಪಟ್ಟದ್ದಕ್ಕೇ ಹೋದವು ಎಂದು ಇವತ್ತಿಗೂ ನಂಬಿದ್ದಾಳೆ. ಅವಳ ಭಯ ನನಗೆ ಅರ್ಥವಾಗುತ್ತದೆ. ಸಿಟ್ಟು ಮಾತ್ರ ಇನ್ನೂ ಪೂರ್ತಿ ಇಳಿದಿಲ್ಲ.

ಕೊನೆಗೊಂದು ಬೆಳಿಗ್ಗೆ ಹೆಣ್ಣುಕೂಸನ್ನು ತಂದು ನನ್ನ ಎದೆಯ ಮೇಲೆ ಮಲಗಿಸಿದರು. ಮೂಗಿನ ಕೆಳಗೆ ಬೆರಳಿಟ್ಟು ನೋಡಿದೆ. ಉಸಿರು ಬೆಚ್ಚಗೆ ತಾಗಿತು. ಆಗ ಅತ್ತುಬಿಟ್ಟೆ, ಹೊಟ್ಟೆ ತುಂಬ ಅತ್ತೆ.

ಅವ್ವ ಬಾಗಿಲಲ್ಲೇ ನಿಂತಿದ್ದಳು.

"ಒಳಗ ಬಾ ಅವ್ವಾ."

"ಬ್ಯಾಡವ್ವಾ, ನನ್ನ ಕೈ ಬ್ಯಾಡ ಆ ಕೂಸಿಗಿ."

"ಕೈ ತೊಳಕೊಂಡು ಬಾ ಅಂದೆ."

ಮೊಣಕೈ ತನಕ ಉಜ್ಜಿ ಉಜ್ಜಿ ತೊಳೆದು ಬಂದಳು. ಉಗುರಿನ ಸಂದಿ ನೋಡಿದೆ. ಮತ್ತೊಮ್ಮೆ ತೊಳೆಸಿದೆ.

ಕೂಸನ್ನು ಅವಳ ಮಡಿಲಿಗೆ ಕೊಟ್ಟೆ. ಕಣ್ಣು ಮಾತ್ರ ಅವಳ ಕೈಮೇಲೇ ಇಟ್ಟಿದ್ದೆ.