ಒಂದು ಪೈಸೆಯೂ ಏರದ ಕಂತು

ಮೂಡುಬಿದಿರೆಯಿಂದ ಸಿದ್ದಕಟ್ಟೆ ಮಾರ್ಗವಾಗಿ ಬಿ.ಸಿ. ರೋಡಿಗೆ ಹೋಗುವ ಖಾಸಗಿ ಬಸ್ಸಿನ ಡ್ರೈವರ್ ಶೀನಪ್ಪ ಎರಡು ವರ್ಷ ಕಾಲ ತಮ್ಮ ಬ್ಯಾಂಕಿಗೆ ಪುಕ್ಕಟೆ ಜಾಹೀರಾತು ಕೊಟ್ಟರು. ಬ್ಯಾಂಕಿನವರು ಅದಕ್ಕೆ ಪ್ರತಿಯಾಗಿ ಒಂದು ಕ್ಯಾಲೆಂಡರನ್ನೂ ಹೆಚ್ಚಿಗೆ ಕೊಡಲಿಲ್ಲ. ಸ್ಟಿಯರಿಂಗ್ ಹಿಡಿದುಕೊಂಡೇ, ಪಕ್ಕದ ಉದ್ದ ಸೀಟಿನಲ್ಲಿ ಕುಳಿತ ಪ್ರತಿಯೊಬ್ಬರಿಗೂ ಅವರು ಹೇಳುತ್ತಿದ್ದರು:

“ಬಡ್ಡಿ ಏರಿತು, ಬಡ್ಡಿ ಏರಿತು ಅಂತ ಎಲ್ಲರೂ ಬೊಬ್ಬೆ ಹಾಕ್ತಾರಲ್ಲ, ನನ್ನ ಕಂತು ಕೇಳಿ ಮಾರಾಯ್ರೆ. ಅವತ್ತು ಒಂಬತ್ತು ಸಾವಿರದ ಮುನ್ನೂರ ನಾಲ್ಕು. ಇವತ್ತೂ ಅಷ್ಟೇ. ಒಂದು ಪೈಸೆ ಹೆಚ್ಚಾಗ್ಲಿಲ್ಲ. ಬ್ಯಾಂಕ್ ಅಂದ್ರೆ ಹಾಗಿರ್ಬೇಕು.”

ಕೇಳಿದವರು ತಲೆದೂಗುತ್ತಿದ್ದರು. ತಲೆದೂಗಿದವರಲ್ಲಿ ಮೇಷ್ಟ್ರುಗಳಿದ್ದರು, ಕಾಲೇಜಿನ ಉಪನ್ಯಾಸಕರಿದ್ದರು, ಸೊಸೈಟಿಯ ನಿರ್ದೇಶಕರೂ ಇದ್ದರು. ಬಡ್ಡಿ ಏರಿದರೂ ಕಂತು ಏರದಿದ್ದರೆ ಆ ಏರಿದ ಬಡ್ಡಿ ಎಲ್ಲಿಗೆ ಹೋಯಿತು ಎಂದು ಅವರಲ್ಲಿ ಒಬ್ಬರೂ ಕೇಳಲಿಲ್ಲ. ನಾವು ಮೀನು ಕೊಳ್ಳುವಾಗ ಕಿವಿರು ಎತ್ತಿ ನೋಡುತ್ತೇವೆ. ಸಾಲ ಕೊಳ್ಳುವಾಗ ಬ್ಯಾಂಕಿನ ಏಸಿ ತಂಪಾಗಿದೆಯೇ ಎಂದು ಮಾತ್ರ ನೋಡುತ್ತೇವೆ.

ಸಾಲ ತೆಗೆದದ್ದು 2021ರ ಆರಂಭದಲ್ಲಿ. ಹನ್ನೆರಡು ಲಕ್ಷ, ಇಪ್ಪತ್ತು ವರ್ಷಕ್ಕೆ, ಶೇಕಡಾ ಏಳರ ಬಡ್ಡಿ. ಸಿದ್ದಕಟ್ಟೆಯ ಹತ್ತಿರ ಐದು ಸೆಂಟ್ಸ್ ಜಾಗದಲ್ಲಿ ಕೆಂಪುಕಲ್ಲಿನ ಗೋಡೆ, ಮೇಲೆ ಕಾಂಕ್ರೀಟ್ ತಾರಸಿ. ನಮ್ಮ ಕಡೆಯ ಮಳೆಗೆ ತಾರಸಿ ಸೋರುತ್ತದೆಂದು ಗೊತ್ತಿಲ್ಲದವರಿಲ್ಲ. ಆದರೆ ಹಂಚು ಹಾಕಿದವನು ಬಡವ, ತಾರಸಿ ಹಾಕಿದವನು ಅನುಕೂಲಸ್ಥ. ಸೋರುವ ತಾರಸಿಯ ಮೇಲೆ ಕಬ್ಬಿಣದ ಕಂಬ ನಿಲ್ಲಿಸಿ ಬಣ್ಣದ ಶೀಟು ಹೊದೆಸಿದವನು ಇನ್ನೂ ಅನುಕೂಲಸ್ಥ. ಒಂದು ಮನೆಗೆ ಎರಡು ಮಾಡು ಕಟ್ಟಿ, ಎರಡಕ್ಕೂ ಸಾಲ ಮಾಡಿ, ಅದನ್ನು ಅಭಿವೃದ್ಧಿ ಎಂದು ಕರೆಯುವ ಜನ ನಾವು.

ಪಕ್ಕದ ಮನೆಯ ಇಮ್ತಿಯಾಝ್ ಚಪ್ಪಲಿ ಅಂಗಡಿಯವರು. ಅವರದ್ದೂ ಹೆಚ್ಚುಕಡಿಮೆ ಅದೇ ವರ್ಷದ, ಅಷ್ಟೇ ಮೊತ್ತದ ಸಾಲ, ಆದರೆ ಬೇರೆ ಬ್ಯಾಂಕಿನದ್ದು. ಬಡ್ಡಿ ಏರಿದಾಗ ಅವರ ಕಂತು ಎರಡು ಸಾವಿರದ ಹತ್ತಿರ ಏರಿತು. ಶೀನಪ್ಪನಿಗೆ ಹಬ್ಬ.

“ಎಂತ ಇಮ್ತಿಯಾಝ್, ನಿನ್ನ ಬ್ಯಾಂಕಿನವರು ನಿನ್ನ ಚರ್ಮದಲ್ಲೇ ಚಪ್ಪಲಿ ಹೊಲಿಸ್ತಾರಂತೆ?”

“ಹೊಲಿಸ್ಲಿ ಶೀನಣ್ಣ. ನನ್ನ ಅಂಗಡಿಯಲ್ಲೇ ಇಟ್ಟು ಮಾರುವ. ನಿಮಗೆ ಒಂದು ಜೊತೆ ಡಿಸ್ಕೌಂಟಲ್ಲಿ ಕೊಡ್ತೇನೆ.”

ಇಮ್ತಿಯಾಝ್ ಆ ವರ್ಷ ಸ್ಕೂಟರ್ ಬದಲಿಸುವ ಆಸೆ ಬಿಟ್ಟರು, ಬ್ಯಾಂಕಿಗೆ ಬಾಯಿ ತುಂಬ ಬೈದರು, ಏರಿದ ಕಂತನ್ನು ಕಟ್ಟಿದರು. ಶೀನಪ್ಪ ಹಳೆಯ ಕಂತನ್ನೇ ಕಟ್ಟಿ ಬ್ಯಾಂಕಿಗೆ ಕೈ ಮುಗಿದರು.

ಶೀನಪ್ಪನ ಹೆಂಡತಿ ಶಶಿಪ್ರಭಾ ಮದುವೆಯಾಗಿ ಬಂದ ವರ್ಷದಿಂದ ಬೀಡಿ ಕಟ್ಟಿದವರು. ಮಡಿಲಲ್ಲಿ ಮೊರದಂಥ ತಡ್ಪೆ, ಅದರಲ್ಲಿ ಎಲೆ, ಹೊಗೆಸೊಪ್ಪು. ಬಗ್ಗಿದ ಕತ್ತು ಎತ್ತಿದರೆ ಆ ದಿನದ ಲೆಕ್ಕ ತಪ್ಪುವ ಕೆಲಸ. ಕಳೆದ ವರ್ಷ ಕತ್ತನ್ನು ಎತ್ತಲೇ ಆಗದಂತಾಯಿತು. ಡಾಕ್ಟರು ಸಾಕು ಎಂದರು. ಬೀಡಿ ಕಂಪನಿಯ ಕಾರ್ಡು ಮುಚ್ಚಿಸಿ, ಪಿ.ಎಫ್. ಹಣಕ್ಕಾಗಿ ತಿಂಗಳುಗಟ್ಟಲೆ ಓಡಾಡಿ, ಕೊನೆಗೆ ಕೈಗೆ ಬಂದದ್ದು ಒಂದೂವರೆ ಲಕ್ಷ. ಅದೇ ಹೊತ್ತಿಗೆ ಮಗಳು ಸಾತ್ವಿಕಾಳಿಗೆ ಬೆಳ್ತಂಗಡಿಯ ಕಡೆಯ ಸಂಬಂಧ ಕೂಡಿ ಬಂತು. ದಸರೆ ಕಳೆದ ಮೇಲೆ ಮನೆಯಲ್ಲೇ ನಿಶ್ಚಿತಾರ್ಥ ಎಂದಾಯಿತು.

ಶೀನಪ್ಪನ ಕಣ್ಣು ಅಂಗಳದ ಮೇಲೆ ಬಿತ್ತು. ಅಂಗಳದಲ್ಲಿ ಕೆಸರು. ಗಂಡಿನ ಕಡೆಯವರು ಕೆಸರು ತುಳಿದು ಬರುವುದೇ? ಮಗಳ ಗುಣ, ಓದು, ಮಾತು ಎಲ್ಲ ಹಾಗಿರಲಿ. ಅಂಗಳಕ್ಕೆ ಇಂಟರ್‌ಲಾಕ್ ಕಲ್ಲು ಹಾಸದ ಮನೆಯ ಹುಡುಗಿಯನ್ನು ಯಾರು ತಾನೇ ಗೌರವಿಸುತ್ತಾರೆ? ಇಂಟರ್‌ಲಾಕಿಗೂ ತಾರಸಿಯ ಶೀಟಿಗೂ ಸೇರಿ ಮೂರು ಲಕ್ಷ ಎಂದು ಕಂಟ್ರಾಕ್ಟರ್ ಹೇಳಿದ.

“ನಿನ್ನ ಒಂದೂವರೆ ಉಂಟಲ್ಲ. ಉಳಿದದ್ದಕ್ಕೆ ಬ್ಯಾಂಕಲ್ಲಿ ಇದೇ ಸಾಲದ ಮೇಲೆ ಟಾಪ್‌ಅಪ್ ಕೊಡ್ತಾರೆ. ನನಗೆ ಅಲ್ಲಿ ಒಳ್ಳೆ ಹೆಸರುಂಟು,” ಎಂದರು ಶೀನಪ್ಪ.

“ನನ್ನ ಕತ್ತನ್ನು ಅಂಗಳಕ್ಕೆ ಹಾಸುವುದಾ?” ಎಂದರು ಶಶಿಪ್ರಭಾ. ಆದರೂ ಗಂಡನ ಜತೆ ಮೂಡುಬಿದಿರೆಯ ಬ್ಯಾಂಕಿಗೆ ಹೊರಟರು. ಅವರಿಗೂ ಮಗಳ ನಿಶ್ಚಿತಾರ್ಥ ಚೆಂದವಾಗಬೇಕಿತ್ತು.

ಬ್ಯಾಂಕಿನಲ್ಲಿ ಸಾಲದ ಮೇಜಿನ ಹಿಂದೆ ಜ್ಯೋತ್ಸ್ನಾ ಎಂಬ ಹೊಸ ಆಫೀಸರ್. ಹಾಸನದ ಕಡೆಯವರು. ನಗುಮುಖದಿಂದಲೇ ಕೂರಿಸಿದರು, ಕಂಪ್ಯೂಟರ್ ಒತ್ತಿದರು, ಮತ್ತೊಮ್ಮೆ ಒತ್ತಿದರು.

“ಟಾಪ್‌ಅಪ್ ಆಗಲ್ಲ ಸರ್. ಸಿಸ್ಟಮ್ ತಗೊಳ್ತಿಲ್ಲ.”

“ಅದು ಹೇಗೆ? ಒಂದು ಕಂತು ತಪ್ಪಿಸ್ಲಿಲ್ಲ ನಾನು.”

“ಕಂತಿನದ್ದೇನೂ ತೊಂದರೆ ಇಲ್ಲ ಸರ್. ವಯಸ್ಸಿಂದು. ನಿಮ್ಮ ಕೊನೇ ಕಂತು ಬರೋ ಹೊತ್ತಿಗೆ ನಿಮಗೆ ಎಂಬತ್ತೊಂದು ಆಗಿರುತ್ತೆ. ಎಪ್ಪತ್ತರ ಮೇಲೆ ಹೋಗೋ ಖಾತೆಗೆ ಹೊಸ ಸಾಲ ಕೊಡೋ ಹಾಗಿಲ್ಲ.”

ಶೀನಪ್ಪ ನಕ್ಕರು. “ಅದು ಬೇರೆ ಯಾರದ್ದೋ ಅಕೌಂಟ್ ಮೇಡಂ. ನನ್ನದು ಇಪ್ಪತ್ತು ವರ್ಷದ್ದು. ಮೂರೂವರೆ ಆಯ್ತು. ನಾನು ಅರುವತ್ತೆರಡಕ್ಕೆ ಫ್ರೀ.”

“ಇಲ್ಲ ಸರ್, ನಿಮ್ದೇ. ಬಡ್ಡಿ ಏಳರಿಂದ ಒಂಬತ್ತೂವರೆ ಆಯ್ತಲ್ಲ. ಕಂತು ಜಾಸ್ತಿ ಆದ್ರೆ ಗ್ರಾಹಕರಿಗೆ ತೊಂದರೆ ಅಂತ ಅವಧಿ ಉದ್ದ ಮಾಡಿರ್ತಾರೆ. ಇನ್ನು ಮೂವತ್ತೈದೂವರೆ ವರ್ಷ ಇದೆ. ಎಸ್ಸೆಮ್ಮೆಸ್ ಬಂದಿರುತ್ತಲ್ಲ ಸರ್.”

ಎಸ್ಸೆಮ್ಮೆಸ್ ಬಂದಿತ್ತು. ಇಂಗ್ಲಿಷಿನಲ್ಲಿ. ದೀಪಾವಳಿಯ ಶುಭಾಶಯವನ್ನು ಅಚ್ಚ ಕನ್ನಡದಲ್ಲಿ ಕಳಿಸುವ ಬ್ಯಾಂಕಿಗೆ ‘ನಿಮ್ಮ ಸಾಲವನ್ನು ಸಾಯುವವರೆಗೆ ವಿಸ್ತರಿಸಿದ್ದೇವೆ’ ಎಂಬುದಕ್ಕೆ ಮಾತ್ರ ಕನ್ನಡ ಸಿಗುವುದಿಲ್ಲ. ಶೀನಪ್ಪನ ಜಾತಕ ಬರೆದ ಜೋಯಿಸರು ಎಪ್ಪತ್ತನಾಲ್ಕರ ಮೇಲೆ ಒಂದು ದಿನವನ್ನೂ ಕೊಟ್ಟಿರಲಿಲ್ಲ. ಬ್ಯಾಂಕು ಏಳು ವರ್ಷ ಹೆಚ್ಚಿಗೆ ಆಯುಷ್ಯ ದಯಪಾಲಿಸಿತ್ತು. ಎಪ್ಪತ್ತು ದಾಟಿದರೆ ಹೊಸ ಸಾಲ ಕೊಡಬಾರದೆಂಬ ನಿಯಮ ಉಂಟು. ಹಳೆಯ ಸಾಲವನ್ನು ಎಂಬತ್ತು ದಾಟಿಸಬಾರದೆಂಬ ನಿಯಮ ಮಾತ್ರ ಆ ಸಿಸ್ಟಮಿಗೆ ಯಾರೂ ಕಲಿಸಿರಲಿಲ್ಲ.

ಈ ಸಲ ಬಾಯಿ ತೆರೆದದ್ದು ಶಶಿಪ್ರಭಾ.

“ಮೇಡಂ, ನಾವು ಇಷ್ಟು ದಿನ ಕಟ್ಟಿದ್ದು ಎಂತಾಯ್ತು ಹಾಗಾದ್ರೆ?”

ಜ್ಯೋತ್ಸ್ನಾ ಪರದೆಯನ್ನು ಅವರತ್ತ ತಿರುಗಿಸಿದರು. ಅಷ್ಟರ ಮಟ್ಟಿಗೆ ಆ ಹುಡುಗಿ ಒಳ್ಳೆಯವಳೇ. ಕಟ್ಟಿದ್ದು ಮೂರು ಲಕ್ಷದ ತೊಂಬತ್ತು ಸಾವಿರ. ಹನ್ನೆರಡು ಲಕ್ಷದ ಸಾಲ ಇಳಿದು ನಿಂತದ್ದು ಹನ್ನೊಂದು ಲಕ್ಷದ ಮೂವತ್ತೈದು ಸಾವಿರಕ್ಕೆ. ಈಗ ತಿಂಗಳಿಗೆ ಹೋಗುವ ಒಂಬತ್ತು ಸಾವಿರದ ಮುನ್ನೂರರಲ್ಲಿ ಒಂಬತ್ತು ಸಾವಿರದ ಹತ್ತಿರ ಬಡ್ಡಿಗೆ, ಮುನ್ನೂರು ಚಿಲ್ಲರೆ ಅಸಲಿಗೆ. ಅಂದರೆ ಶೀನಪ್ಪ ಪ್ರತಿ ತಿಂಗಳು ತಮ್ಮ ಮನೆಯನ್ನು ಒಂದು ಕಿಲೋ ಬಂಗುಡೆ ಮೀನಿನ ಬೆಲೆಯಷ್ಟು ಕೊಳ್ಳುತ್ತಿದ್ದರು, ಉಳಿದದ್ದು ಬಾಡಿಗೆ. ಮಾಲೀಕ ಮಾತ್ರ ಗೋಡೆಗೆ ಸುಣ್ಣ ಹೊಡೆಸುವವನಲ್ಲ, ಸೋರಿದರೆ ಬಂದು ನೋಡುವವನೂ ಅಲ್ಲ.

“ಕೊನೆಯವರೆಗೆ ಹೀಗೇ ಕಟ್ಟಿದ್ರೆ ಒಟ್ಟು?” ಶಶಿಪ್ರಭಾ ಬಿಡಲಿಲ್ಲ.

“ಇನ್ನು ಮೇಲೆ ಒಂದು ಮೂವತ್ತೊಂಬತ್ತು, ನಲವತ್ತು ಲಕ್ಷ ಆಗ್ಬಹುದು ಮೇಡಂ. ಬಡ್ಡಿ ಹೀಗೇ ಇದ್ರೆ.”

“ನನ್ನ ಹತ್ತಿರ ಒಂದೂವರೆ ಲಕ್ಷ ಉಂಟು. ಅದನ್ನು ಈಗ ಕಟ್ಟಿದ್ರೆ?”

ಜ್ಯೋತ್ಸ್ನಾ ಒತ್ತಿ ನೋಡಿ, ತಾವೇ ಸ್ವಲ್ಪ ಮುಂದೆ ಬಗ್ಗಿದರು. “ಹತ್ತೊಂಬತ್ತು ವರ್ಷಕ್ಕೆ ಇಳಿಯುತ್ತೆ. ಮುಂದೆ ಕಟ್ಟೋದು ಒಟ್ಟು ಇಪ್ಪತ್ತೊಂದೂವರೆ ಲಕ್ಷ.”

ಹದಿನಾರು ವರ್ಷ. ಹದಿನೆಂಟು ಲಕ್ಷ ಉಳಿತಾಯ. ಇದನ್ನು ಹೇಳುವುದಕ್ಕೆ ಆ ಬ್ಯಾಂಕಿಗೆ ಒಂದು ನಿಮಿಷ ಸಾಕಾಗಿತ್ತು. ಎರಡು ವರ್ಷದಿಂದ ಆ ಒಂದು ನಿಮಿಷ ಯಾರಿಗೂ ಸಿಕ್ಕಿರಲಿಲ್ಲ. ವಿಮೆ ಮಾರಲು, ಕ್ರೆಡಿಟ್ ಕಾರ್ಡ್ ಮಾರಲು ವಾರಕ್ಕೆರಡು ಸಲ ಶೀನಪ್ಪನಿಗೆ ಫೋನ್ ಮಾಡಿದ್ದರು, ಅದಕ್ಕೆ ಸಮಯವಿತ್ತು.

ಮನೆಗೆ ಬಂದ ಮೇಲೆ ಯುದ್ಧ. ಶೀನಪ್ಪನ ಸಿಟ್ಟು ಬ್ಯಾಂಕಿನ ಮೇಲೆ ಬರಬೇಕಿತ್ತು, ಆದರೆ ಬ್ಯಾಂಕು ದೂರವಿತ್ತು, ಹೆಂಡತಿ ಹತ್ತಿರವಿದ್ದರು.

“ನಿಶ್ಚಿತಾರ್ಥಕ್ಕೆ ಬಂದವರ ಮುಂದೆ ನನ್ನ ಮರ್ಯಾದೆ? ಸಾಲ ಎಲ್ಲರಿಗೂ ಉಂಟು. ಸಾಲ ಯಾರಿಗೂ ಕಾಣುವುದಿಲ್ಲ. ಅಂಗಳ ಕಾಣ್ತದೆ!”

“ನಿಮ್ಮ ಮರ್ಯಾದೆಗೆ ಎಂಬತ್ತೊಂದು ವರ್ಷ ಆದಾಗ ಬಸ್ ಬಿಡುವವರು ಯಾರು? ಲೈಸೆನ್ಸ್ ಕೊಡ್ತಾರಾ ನಿಮಗೆ? ಆಗ ಕಂತು ಯಾರ ತಲೆಗೆ? ಸಾತ್ವಿಕಾಳ ತಲೆಗೆ. ನಾವು ಅವಳನ್ನು ಮಾತ್ರ ಕೊಡುವುದಲ್ಲ, ಅವಳ ಜೊತೆ ಸಾಲವನ್ನೂ ಕೊಡುವುದು.”

ಒಳಗೆ ಕೇಳಿಸಿಕೊಳ್ಳುತ್ತಿದ್ದ ಸಾತ್ವಿಕಾ, “ನನಗೆ ಇಂಟರ್‌ಲಾಕ್ ಬೇಡ ಅಪ್ಪ,” ಎಂದಳು. “ನಿನ್ನ ಹತ್ತಿರ ಯಾರು ಕೇಳಿದ್ದು?” ಎಂದರು ಶೀನಪ್ಪ. ಯಾರಿಗಾಗಿ ಅಂಗಳ ಹಾಸುವುದೋ ಅವಳನ್ನು ಕೇಳುವ ಪದ್ಧತಿ ನಮ್ಮಲ್ಲಿಲ್ಲ.

ಮರುದಿನ ಬೇಲಿಯ ಆಚೆಗೆ ನಿಂತ ಇಮ್ತಿಯಾಝ್‌ಗೆ ವಿಷಯ ಗೊತ್ತಾಯಿತು. ನಗಲಿಕ್ಕೆ ಅವರಿಗೆ ಪೂರ್ತಿ ಹಕ್ಕಿತ್ತು. ನಗಲಿಲ್ಲ. “ನಾನು ಕಂತು ಹೆಚ್ಚಿಸ್ಬೇಡಿ ಅಂತ ಹೇಳ್ಲಿಕ್ಕೆ ಹೋಗಿದ್ದೆ ಶೀನಣ್ಣ. ಆ ಮ್ಯಾನೇಜರ್ ಪುಣ್ಯಾತ್ಮ ಬೈದು ಕಳಿಸಿದ. ಈಗಲೂ ನನ್ನದು ಹೇಳಿದ ವರ್ಷಕ್ಕೇ ಮುಗೀತದೆ,” ಎಂದರು. ನಿಜವಾದ ಉಪಕಾರ ಮಾಡಿದ ಆ ಮ್ಯಾನೇಜರನ್ನು ಅವರು ಊರಿಡೀ ಬೈದುಕೊಂಡು ತಿರುಗಿದ್ದರು, ಅಷ್ಟೇ.

ಒಂದು ವಾರ ಶೀನಪ್ಪ ಬಸ್ಸಿನಲ್ಲಿ ಕಂತಿನ ಮಾತೆತ್ತಲಿಲ್ಲ. ಪಕ್ಕದ ಸೀಟಿನ ಮೇಷ್ಟ್ರು ಆರೋಗ್ಯ ಸರಿಯಿಲ್ಲವೇ ಎಂದು ಕೇಳಿದರು. ವಾರ ಕಳೆದು ಗಂಡಹೆಂಡತಿ ಮತ್ತೆ ಜ್ಯೋತ್ಸ್ನಾ ಅವರ ಮೇಜಿನ ಮುಂದೆ ಕುಳಿತರು. ಹಣ ಜಮೆಯಾಯಿತು. ರಶೀದಿಯಲ್ಲಿ ಪಾವತಿಸಿದವರ ಹೆಸರು ಶೀನಪ್ಪ ಎಂದು ಬಂತು, ಏಕೆಂದರೆ ಸಾಲ ಅವರ ಹೆಸರಲ್ಲಿತ್ತು, ಮನೆಯೂ ಅವರ ಹೆಸರಲ್ಲಿತ್ತು. ಕತ್ತು ಮಾತ್ರ ಶಶಿಪ್ರಭಾ ಅವರದ್ದು.

“ಸರ್, ಕಂತು ಕಡಿಮೆ ಮಾಡ್ಲಾ, ಅವಧಿ ಕಡಿಮೆ ಮಾಡ್ಲಾ?” ಎಂದು ಜ್ಯೋತ್ಸ್ನಾ ಕೇಳಿದರು.

ಶೀನಪ್ಪನ ಮುಖ ಬಹಳ ದಿನಗಳ ಮೇಲೆ ಅರಳಿತು. “ಕಂತು ಕಡಿಮೆ ಆಗ್ತದಾ?”

“ಆಗುತ್ತೆ ಸರ್. ತಿಂಗಳಿಗೆ ಸಾವಿರದ ಇನ್ನೂರು ಉಳಿಯುತ್ತೆ.”

“ಹಾಗಾದ್ರೆ ಮಾಡಿ ಮೇಡಂ! ಹಾಗೇ ಮಾಡಿ!”

ನೋಡಿ, ಬುದ್ಧಿ ಬರುವುದು ಎಷ್ಟು ಸುಲಭ, ಉಳಿಯುವುದು ಎಷ್ಟು ಕಷ್ಟ. ಇಡೀ ವಾರ ಉಪವಾಸ ಮಾಡಿದವನು ಹೊಟೇಲಿನ ಮುಂದೆ ಹಾದುಹೋದಂತೆ. ಕಂತು ಇಳಿಸಿದ್ದರೆ ಒಂದೂವರೆ ಲಕ್ಷವೂ ಬ್ಯಾಂಕಿಗೆ ಹೋಗುತ್ತಿತ್ತು, ಮೂವತ್ತೈದು ವರ್ಷವೂ ಹಾಗೇ ಉಳಿಯುತ್ತಿತ್ತು.

ಶಶಿಪ್ರಭಾ ಗಂಡನ ಕೈಯಿಂದ ಪೆನ್ನು ತೆಗೆದುಕೊಂಡು ಮೇಜಿನ ಮೇಲಿಟ್ಟರು.

“ವರ್ಷ ಕಡಿಮೆ ಮಾಡಿ ಮೇಡಂ. ಕಂತು ಇದ್ದಷ್ಟೇ ಇರ್ಲಿ. ಇವರು ಮುಂದಿನ ಸಲ ಒಬ್ಬರೇ ಬಂದ್ರೆ ನನಗೆ ಫೋನ್ ಮಾಡಿ.”

ದಸರೆ ಕಳೆಯಿತು, ಮಳೆ ಕಳೆಯಲಿಲ್ಲ. ನಿಶ್ಚಿತಾರ್ಥದ ಹಿಂದಿನ ದಿನ ಕ್ರಷರಿನಿಂದ ಒಂದು ಟೆಂಪೊ ಜಲ್ಲಿಹುಡಿ ತರಿಸಿ ಅಂಗಳಕ್ಕೆ ಹರಡಿದರು. ಮೇಲೆ ಶಾಮಿಯಾನ. ಮಧ್ಯಾಹ್ನ ಬಂದ ಮಳೆಗೆ ಹುಡಿಯೂ ಕೆಸರೂ ಒಂದಾಯಿತು. ಹುಡುಗನ ಸೋದರಮಾವ ಸುಬ್ಬಪ್ಪ ಬಿಳಿ ಪಂಚೆ ಎತ್ತಿಕೊಂಡು, ಹೆಜ್ಜೆಹೆಜ್ಜೆಗೂ ಶಾಪ ಹಾಕುವವರ ಹಾಗೆ ನಡೆದು ಜಗಲಿ ಸೇರಿದರು.

“ಏನು ಶೀನಪ್ಪಣ್ಣ, ಇಂಟರ್‌ಲಾಕ್ ಹಾಕಿಸ್ಲಿಕ್ಕೆ ಸಮಯ ಸಿಗ್ಲಿಲ್ಲವಾ?”

ಶೀನಪ್ಪನ ಬಾಯಿಯಲ್ಲಿ ಉತ್ತರ ಸಿದ್ಧವಿತ್ತು: ಕೆಲಸದವರು ಸಿಗಲಿಲ್ಲ, ಮಳೆ ಬಿಡಲಿಲ್ಲ. ಅದು ಹೊರಬರುವ ಮೊದಲೇ ಕಾಲು ಒರಸಲು ಬೈರಾಸು ಕೊಡುತ್ತ ಶಶಿಪ್ರಭಾ, “ಸಮಯ ಇತ್ತು ಅಣ್ಣ. ದುಡ್ಡನ್ನು ಮನೆ ಸಾಲಕ್ಕೆ ಕಟ್ಟಿದೆವು,” ಎಂದುಬಿಟ್ಟರು.

ಜಗಲಿಯಲ್ಲಿದ್ದವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಯಾರ ಮನೆಯಲ್ಲಿ ಯಾರು ಯಾರೊಡನೆ ಓಡಿಹೋದರು ಎಂಬುದನ್ನು ಎಲ್ಲರ ಮುಂದೆ ಹೇಳಬಹುದು, ಸಾಲದ ಮಾತು ಹೇಳಬಾರದು. ಸುಬ್ಬಪ್ಪ ಕಾಲು ಒರಸಿದ ಬೈರಾಸನ್ನು ಬದಿಗಿಟ್ಟರು. “ಸಾಲಕ್ಕೆಲ್ಲ ಹೆದರ್ಲಿಕ್ಕುಂಟಾ ಅಕ್ಕ? ನಮ್ಮ ಹುಡುಗ ಮೂಡುಬಿದಿರೆಯಲ್ಲಿ ಫ್ಲ್ಯಾಟ್ ನೋಡಿ ಆಯ್ತು. ಮದುವೆ ಆದ ಕೂಡ್ಲೇ ಇಬ್ಬರ ಹೆಸರಲ್ಲೂ ಲೋನ್. ಮೂವತ್ತು ವರ್ಷದ್ದು. ಕಂತು ಗೊತ್ತೇ ಆಗುವುದಿಲ್ಲ.”

ಗಂಡಿನ ಕಡೆಯವರೆಲ್ಲ ಹೆಮ್ಮೆಯಿಂದ ಹುಡುಗನನ್ನು ನೋಡಿದರು. ಕಾಫಿಯ ಟ್ರೇ ಹಿಡಿದಿದ್ದ ಶಶಿಪ್ರಭಾ ನಿಂತಲ್ಲೇ ನಿಂತರು.

“ಒಟ್ಟು ಎಷ್ಟು ಕಟ್ಟುವುದು ಮಗಾ?”

ಹುಡುಗ ಮಾವನನ್ನು ನೋಡಿದ. ಮಾವ ಚಾವಣಿಯನ್ನು ನೋಡಿದರು. ಶೀನಪ್ಪ ಹೆಂಡತಿಯ ಸೆರಗು ಹಿಡಿದು ಎಳೆದು, ಎಲ್ಲರಿಗೂ ಕೇಳುವಷ್ಟು ಮೆಲ್ಲಗೆ ಹೇಳಿದರು:

“ಈಗ ಅದೆಲ್ಲ ಬೇಡ ಮಾರಾಯ್ತಿ. ಲೆಕ್ಕ ಕೇಳಿದ್ರೆ ಹುಡುಗ ಎದ್ದು ಹೋದಾನು.”

ಹುಡುಗ ಎದ್ದು ಹೋಗಲಿಲ್ಲ. ಸಾತ್ವಿಕಾ ಒಳಗಿನಿಂದ ಬಂದು, ಅಮ್ಮನ ಕೈಯಿಂದ ಟ್ರೇ ತೆಗೆದುಕೊಂಡು, ಮೊದಲ ಲೋಟವನ್ನು ಅವನಿಗೇ ಕೊಟ್ಟಳು. “ಕುಡಿಯಿರಿ. ಆಮೇಲೆ ಅಮ್ಮನ ಹತ್ತಿರ ಕೂತುಕೊಳ್ಳಿ,” ಎಂದಳು. “ಇಬ್ಬರ ಹೆಸರಲ್ಲಿ ಅಂದ್ರಲ್ಲ, ನಾನೂ ಕೂತುಕೊಳ್ತೇನೆ.”