ಒಟಿಲಿ ಚಿಕ್ಕಮ್ಮನ ಶನಿವಾರದ ಒಲೆ

ಒಟಿಲಿ ಚಿಕ್ಕಮ್ಮನನ್ನು ಮಣ್ಣು ಮಾಡಿದ ದಿನ ನಮ್ಮ ಪಾದ್ರಿಗಳು ಏನು ಹೇಳಿದರು ಗೊತ್ತೇ? ‘ಊರೆಲ್ಲ ಮುಖ ತಿರುಗಿಸಿಕೊಂಡಿದ್ದ ಕಾಲದಲ್ಲಿ ಈ ತಾಯಿ ಒಬ್ಬ ಯಹೂದಿ ವಿಧವೆಯ ಮನೆಯ ಒಲೆ ಆರದಂತೆ ನೋಡಿಕೊಂಡರು, ಕೊನೆಯ ದಿನದವರೆಗೂ’ ಎಂದರು. ಹಿಂದಿನ ಬೆಂಚಿನಲ್ಲಿ ಎದುರುಮನೆಯ ಬಾಬೆಟ್ಟೆ ಸೊರ್ ಸೊರ್ ಎಂದು ಮೂಗು ಒರೆಸಿಕೊಂಡಳು. ಎದ್ದು ನಿಂತು ‘ಸಾಕು ಮಾಡಿ ಸ್ವಾಮೀ’ ಎನ್ನಬೇಕೆಂದು ನನ್ನ ನಾಲಿಗೆಯ ತುದಿಗೆ ಬಂದಿತ್ತು. ಎನ್ನಲಿಲ್ಲ. ಸುಮ್ಮನಿರುವುದು ನಮ್ಮ ಓಣಿಯವರಿಗೆ ಕೈ ಪಳಗಿದ ಕೆಲಸ, ನನಗೂ ಅಷ್ಟೇ.

ಚಿಕ್ಕಮ್ಮ ದೊಡ್ಡ ಮನುಷ್ಯಳೇನಲ್ಲ. ಓದಿದ್ದು ಅಷ್ಟಕ್ಕಷ್ಟೇ. ಗಂಡ ಕಿಲಿಯನ್ ರೈಲ್ವೆ ಗೇಟು ಕಾಯುತ್ತಿದ್ದ. ಈಕೆ ದ್ರಾಕ್ಷಿ ಕೊಯ್ಲಿಗೆ ಹೋಗುತ್ತಿದ್ದಳು, ಕೋಳಿ ಸಾಕುತ್ತಿದ್ದಳು, ಅಮ್ಮ ಸತ್ತ ಮೇಲೆ ನನ್ನನ್ನೂ ಸಾಕಿದಳು. ಮಾತು ಒರಟು. ‘ಲೋನಿ, ಆ ಆಲೂಗಡ್ಡೆ ಸಿಪ್ಪೆ ಇಷ್ಟು ದಪ್ಪ ತೆಗೀತೀಯಲ್ಲೇ, ನಿಮ್ಮಪ್ಪ ಏನು ಜಮೀನ್ದಾರನಾ?’ ಎಂದು ದಿನಕ್ಕೊಮ್ಮೆಯಾದರೂ ಬಯ್ಯದಿದ್ದರೆ ಅವಳಿಗೆ ಉಂಡದ್ದು ಅರಗುತ್ತಿರಲಿಲ್ಲ. ಅಂಥವಳು ಶನಿವಾರ ಬೆಳಿಗ್ಗೆ ಮಾತ್ರ ಬೇರೆಯೇ ಹೆಂಗಸು. ಏಪ್ರನ್ ಬದಲಿಸಿ, ತಲೆ ಬಾಚಿಕೊಂಡು, ಮೂರು ಮನೆ ಆಚೆಯಿದ್ದ ಜೆಟ್ಟೆ ಸೋಂಡ್‌ಹೆಲ್ಮ್ ಅವರ ಮನೆಗೆ ಹೋಗುತ್ತಿದ್ದಳು. ದನದ ವ್ಯಾಪಾರಿಯ ಹೆಂಡತಿ ಜೆಟ್ಟೆ, ಗಂಡ ತೀರಿಹೋಗಿದ್ದ. ಶನಿವಾರ ಯಹೂದಿಗಳ ಸಬ್ಬತ್, ದೇವರಿಗೆ ಮೀಸಲಾದ ವಿಶ್ರಾಂತಿಯ ದಿನ, ಆವತ್ತು ಅವರು ಬೆಂಕಿ ಮುಟ್ಟುವಂತಿರಲಿಲ್ಲ.

ಮುಟ್ಟುವುದಿರಲಿ, ‘ಒಲೆ ಹಚ್ಚು’ ಎಂದು ಬಾಯಿಬಿಟ್ಟು ಹೇಳುವಂತೆಯೂ ಇರಲಿಲ್ಲ. ಅದಕ್ಕೇ ಅವರದೊಂದು ಪದ್ಧತಿ. ಚಿಕ್ಕಮ್ಮ ಒಳಗೆ ಬಂದು ಸುಮ್ಮನೆ ನಿಲ್ಲುತ್ತಿದ್ದಳು. ಜೆಟ್ಟೆ ಕಿಟಕಿಯ ಕಡೆ ನೋಡುತ್ತಾ ‘ಇವತ್ತು ಚಳಿ, ಅಲ್ವಾ ಒಟಿಲಿ?’ ಎನ್ನುತ್ತಿದ್ದರು. ‘ಹೌದಮ್ಮ, ಚಳಿ’ ಎನ್ನುತ್ತಾ ಇವಳು ಒಲೆಯ ಮುಂದೆ ಕೂರುತ್ತಿದ್ದಳು. ಬೆಂಕಿ ಹೊತ್ತಿಕೊಂಡ ಮೇಲೆ ಮೇಜಿನ ತುದಿಯಲ್ಲಿ ಗಸಗಸೆ ಉದುರಿಸಿದ, ಜಡೆಯ ಹಾಗೆ ಹೆಣೆದ ಬ್ರೆಡ್ಡಿನ ತುಂಡೊಂದು ಇರುತ್ತಿತ್ತು. ಅದನ್ನೂ ಯಾರೂ ‘ತಗೋ’ ಎನ್ನುತ್ತಿರಲಿಲ್ಲ. ಚಿಕ್ಕಂದಿನಲ್ಲಿ ಆ ತುಂಡಿಗಾಗಿ ನಾನು ಮೆಟ್ಟಿಲ ಮೇಲೆ ಕಾದು ಕೂತಿರುತ್ತಿದ್ದೆ.

ಇಪ್ಪತ್ತೆರಡು ವರ್ಷ ಹೀಗೇ ನಡೆಯಿತು. ನಡುವೆ ಆ ಹೊಸ ಕಾನೂನು ಬಂತು, ನಲವತ್ತೈದರ ಒಳಗಿನ ಜರ್ಮನ್ ಹೆಂಗಸರು ಯಹೂದಿಗಳ ಮನೆಯಲ್ಲಿ ಕೆಲಸ ಮಾಡಬಾರದು ಎಂದು. ಚಿಕ್ಕಮ್ಮನಿಗೆ ನಲವತ್ತಾರು ತುಂಬಿತ್ತು. ‘ಮುದುಕಿಯಾಗಿದ್ದಕ್ಕೂ ಒಂದು ಲಾಭ ಸಿಕ್ತು ನೋಡು. ನನ್ನನ್ನ ನೋಡಿ ಯಾರೂ ಕೆಡಲ್ಲ ಅಂತ ಸರ್ಕಾರವೇ ಬರೆದುಕೊಟ್ಟಿದೆ’ ಎಂದು ನಕ್ಕಿದ್ದಳು. ಮೂವತ್ತೆಂಟರ ನವೆಂಬರಿನಲ್ಲಿ ಪುಂಡರು ಜೆಟ್ಟೆಯವರ ಕಿಟಕಿ ಗಾಜನ್ನೆಲ್ಲ ಒಡೆದುಹಾಕಿದರು. ಆ ಶನಿವಾರವೂ ಚಿಕ್ಕಮ್ಮ ಹೋದಳು. ಮೊದಲು ಗಾಜು ಗುಡಿಸಿದಳು, ಕಿಟಕಿಗೆ ರಟ್ಟು ಹೊಡೆದಳು, ಆಮೇಲೆ ಒಲೆ ಹಚ್ಚಿದಳು. ‘ಯಾರಾದ್ರೂ ಬಂದು ಕೇಳ್ಲಿ, ಇದೇ ಸೌದೆ ತಗೊಂಡು ನಾಲ್ಕು ಬಿಡ್ತೀನಿ’ ಎಂದಳು. ಯಾರೂ ಕೇಳಲಿಲ್ಲ. ಕಲ್ಲು ಬಿದ್ದಾಗ ಹೆದರದ ಹೆಂಗಸು ಅವಳು. ಇದನ್ನು ನೆನಪಿಟ್ಟುಕೊಳ್ಳಿ.

ನಲವತ್ತೊಂದರ ಶರತ್ಕಾಲ. ಜೆಟ್ಟೆಯವರ ಎದೆಯ ಮೇಲೆ ಹಳದಿ ನಕ್ಷತ್ರ ಬಂದಿತ್ತು. ಅಮೆರಿಕಕ್ಕೆ ಹೋಗಿದ್ದ ಮಗಳು ಸೆಲ್ಮಾ ಅಮ್ಮನನ್ನು ಕರೆಸಿಕೊಳ್ಳಲು ಎಷ್ಟು ಒದ್ದಾಡಿದರೂ ಕಾಗದಪತ್ರ ಕೂಡಿಬಂದಿರಲಿಲ್ಲ. ಯಹೂದಿಗಳ ಜೊತೆ ಸ್ನೇಹ ತೋರಿಸಿದವರನ್ನೂ ಎಳೆದುಕೊಂಡು ಹೋಗುತ್ತಾರಂತೆ ಎಂಬ ಮಾತು ಬಾಯಿಂದ ಬಾಯಿಗೆ ಬಂದಿತ್ತು. ನಮ್ಮ ಬಾಬೆಟ್ಟೆಯ ದಿನಚರಿ ಏನೆಂದರೆ, ಕಿಟಕಿಯ ಕಟ್ಟೆಗೆ ದಿಂಬು ಹಾಕಿ, ಅದರ ಮೇಲೆ ಎರಡೂ ಮೊಣಕೈ ಊರಿ ಓಣಿ ಕಾಯುವುದು. ಆಕೆಯ ಗಂಡ ಆಳುವ ಪಕ್ಷದ ಪರವಾಗಿ ಓಣಿಯ ಮೇಲೆ ಕಣ್ಣಿಡುವವನು. ಆದರೆ ಕಣ್ಣು ಈಕೆಯದು. ಒಂದು ಗುರುವಾರ ಕಿಲಿಯನ್ ಚಿಕ್ಕಪ್ಪ ಗೇಟಿನಿಂದ ಬರುವಾಗ ಮೇಲಿನಿಂದಲೇ ಕೂಗಿದಳು.

‘ಏನ್ ಕಿಲಿಯನ್, ಶನಿವಾರ ಶನಿವಾರ ಆ ಮನೆ ಚಿಮಣಿ ತಾನೇ ಹೊಗೆ ಬಿಡುತ್ತಾ? ಬೆಂಕಿ ಇಲ್ದೆ ಹೊಗೆ ಆಡಲ್ಲ ಅಂತಾರಪ್ಪ.’

ಅಷ್ಟೇ. ಬೆದರಿಕೆ ಇಲ್ಲ, ಪೊಲೀಸರಿಲ್ಲ, ಕಲ್ಲೂ ಇಲ್ಲ. ಚಿಕ್ಕಪ್ಪ ಸೂಪಿನ ತಟ್ಟೆಯನ್ನೇ ನೋಡುತ್ತಾ ಹೇಳಿದ: ‘ನಾನೇನೂ ಬೇಡ ಅನ್ನಲ್ಲ ಒಟಿಲಿ. ನಿನ್ನಿಷ್ಟ. ನನ್ನದು ಸರ್ಕಾರಿ ನೌಕರಿ, ಅಷ್ಟೇ ನಾನು ಹೇಳೋದು.’

ಶನಿವಾರ ಬೆಳಿಗ್ಗೆ ಚಿಕ್ಕಮ್ಮ ತಲೆ ಬಾಚಿಕೊಂಡಳು, ಏಪ್ರನ್ ಬದಲಿಸಿದಳು, ಬಾಗಿಲವರೆಗೆ ಹೋಗಿ ಬಂದು ಕುರ್ಚಿಯ ಮೇಲೆ ಕುಕ್ಕರಿಸಿದಳು.

‘ಲೋನಿ, ನೀನು ಒಂದು ಗಳಿಗೆ ಹೋಗಿ ಹೇಳಿ ಬಾರೇ. ಚಿಕ್ಕಮ್ಮನಿಗೆ ಮಂಡಿನೋವು, ಏಳಕ್ಕಾಗ್ತಿಲ್ಲ ಅನ್ನು.’

‘ಮಂಡಿಗೇನಾಗಿದೆ?’

‘ನೋವು ಅಂದ್ನಲ್ಲ! ಹಿಂದಿನ ಬಾಗಿಲಿಂದ ಹೋಗು.’

ನನಗೆ ಆಗ ಇಪ್ಪತ್ಮೂರು ವರ್ಷ. ಏನೂ ಅರಿಯದ ಮಗುವಲ್ಲ. ಹೋದೆ. ಜೆಟ್ಟೆ ಎರಡು ಶಾಲು ಹೊದ್ದು ಕೂತಿದ್ದರು. ಒಲೆಯಲ್ಲಿ ಸೌದೆ ಜೋಡಿಸಿಯೇ ಇತ್ತು, ಶುಕ್ರವಾರ ಸಂಜೆಯೇ ಜೋಡಿಸಿಟ್ಟದ್ದು. ಬೆಂಕಿಕಡ್ಡಿ ಪಕ್ಕದಲ್ಲೇ ಇತ್ತು. ನಾನು ಮಂಡಿಯ ಕಥೆ ಹೇಳಿದೆ. ಅವರು ತಲೆಯಾಡಿಸಿ, ‘ಪಾಪ, ಎಲೆಕೋಸಿನ ಎಲೆ ಜಜ್ಜಿ ಕಟ್ಟಿಕೊಳ್ಳೋಕೆ ಹೇಳು’ ಎಂದರು. ಆಮೇಲೆ ರಟ್ಟು ಹೊಡೆದ ಕಿಟಕಿಯ ಕಡೆ ತಿರುಗಿ, ‘ಇವತ್ತು ಚಳಿ, ಅಲ್ವಾ ಲೋನಿ?’ ಎಂದರು.

‘ಹೌದಜ್ಜಿ, ಚಳಿ’ ಎಂದೆ. ಬಾಗಿಲು ಎಳೆದುಕೊಂಡು ಬಂದುಬಿಟ್ಟೆ. ಮೇಜಿನ ತುದಿಯಲ್ಲಿ ಕಪ್ಪು ಬ್ರೆಡ್ಡಿನ ತುಂಡೊಂದು ಇತ್ತು. ಗಸಗಸೆ, ಬಿಳಿ ಹಿಟ್ಟು ಅವರಿಗೆ ಎಲ್ಲಿಂದ ಬರಬೇಕು? ಅದನ್ನು ನೋಡಿಯೂ ನೋಡದವಳ ಹಾಗೆ ಬಂದೆ. ಬಂದವಳು ಚಿಕ್ಕಮ್ಮನಿಗೆ ‘ಹೇಳಿದೆ’ ಎಂದೆ. ಉಳಿದದ್ದು ಹೇಳಲಿಲ್ಲ.

ಆ ಚಳಿಗಾಲ ಹೇಗಿತ್ತು ಎಂದು ನಮ್ಮ ಕಡೆಯವರನ್ನು ಕೇಳಿ. ಹೆಪ್ಪುಗಟ್ಟಿದ ಮೈನ್ ನದಿಯ ಮೇಲೆ ಜನ ನಡೆದಾಡಿದ್ದರು. ಪ್ರತಿ ಶನಿವಾರ ಚಿಕ್ಕಮ್ಮ ನಮ್ಮ ಅಡುಗೆಮನೆಯ ಕಿಟಕಿಯಲ್ಲಿ ನಿಂತು ಮೂರು ಮನೆ ಆಚೆಯ ಚಿಮಣಿ ನೋಡುತ್ತಿದ್ದಳು. ಹೊಗೆ ಇಲ್ಲ. ‘ಮುಂದಿನ ವಾರ ಮಂಡಿ ಸರಿಹೋದ್ರೆ ನೋಡೋಣ’ ಎನ್ನುತ್ತಿದ್ದಳು, ನಿಜಕ್ಕೂ ನೋವಿದೆಯೇನೋ ಎಂಬಂತೆ ಉಜ್ಜಿಕೊಳ್ಳುತ್ತಾ. ನಾನೂ ‘ಹೌದು, ನೋಡೋಣ’ ಎನ್ನುತ್ತಿದ್ದೆ. ಹದಿನೆಂಟು ಶನಿವಾರ ನೋಡಿದೆವು.

ಹತ್ತೊಂಬತ್ತನೆಯದು ಮಾರ್ಚ್ ತಿಂಗಳಲ್ಲಿ. ‘ಲೋನಿ! ಬಾರೇ ಇಲ್ಲಿ, ಹೊಗೆ!’ ಎಂದು ಅರಚಿದಳು. ಹೌದು, ಜೆಟ್ಟೆಯವರ ಚಿಮಣಿಯಿಂದ ಕರ್ರಗೆ ಹೊಗೆ ಏಳುತ್ತಿತ್ತು. ‘ಯಾರೋ ಹೋಗ್ತಿದಾರೆ ಕಣೇ. ದೇವರು ದೊಡ್ಡವನು, ಯಾರೋ ಪುಣ್ಯಾತ್ಮರು ಹೋಗ್ತಿದಾರೆ!’ ಆವತ್ತು ಚಿಕ್ಕಮ್ಮ ಎರಡು ತಟ್ಟೆ ಸೂಪು ಕುಡಿದಳು. ನನಗೂ ಎದೆ ಹಗುರವಾಯಿತು.

ಮಂಗಳವಾರ ಜೆಟ್ಟೆಯವರನ್ನು ಕರೆದುಕೊಂಡು ಹೋದರು. ಒಂದು ಸೂಟ್‌ಕೇಸು, ಕೊರಳಲ್ಲಿ ಒಂದು ನಂಬರಿನ ಚೀಟಿ. ಹಾಡುಹಗಲು, ಓಣಿಯಲ್ಲಿ ಎಲ್ಲರೂ ಇದ್ದರು. ಅವರನ್ನೂ ಉಳಿದ ಯಹೂದಿಗಳನ್ನೂ ತುಂಬಿಕೊಂಡ ರೈಲು ಹೋಗುವಾಗ ಗೇಟು ಹಾಕಿದವನು ನಮ್ಮ ಚಿಕ್ಕಪ್ಪನೇ. ಮನೆಯ ಸಾಮಾನು ಹರಾಜಾದಾಗ ಆ ಒಲೆ ಬಾಬೆಟ್ಟೆಗೆ ಸಿಕ್ಕಿತು. ‘ಒಳಗೆಲ್ಲ ಸುಟ್ಟ ಕಾಗದ ಕಣೇ. ಮಗಳ ಕಾಗದಗಳನ್ನೆಲ್ಲ ಸುಟ್ಟಿದಾಳೆ. ಬೂದಿ ತೆಗೆದೂ ತೆಗೆದೂ ಸೊಂಟ ಬಿತ್ತು’ ಎಂದು ಬಂದು ಗೊಣಗಿದಳು. ಚಿಕ್ಕಮ್ಮ ಕೇಳಿಸಿಕೊಂಡು ಹಿತ್ತಲಿಗೆ ಹೋದಳು. ಆ ಶನಿವಾರ ಪುಣ್ಯಾತ್ಮರು ಯಾರೂ ಹೋಗಿರಲಿಲ್ಲ. ಹೊರಡುವ ಸುದ್ದಿ ತಿಳಿದು, ಜನ್ಮದಲ್ಲಿ ಸಬ್ಬತ್ ದಿನ ಬೆಂಕಿ ಮುಟ್ಟದ ಹೆಂಗಸು ತಾನೇ ಕಡ್ಡಿ ಗೀರಿದ್ದರು.

ಯುದ್ಧ ಮುಗಿಯಿತು. ಅಮೆರಿಕದವರು ಬಂದರು. ಪಕ್ಷದಲ್ಲಿದ್ದವರ ಕೆಲಸ ಹೋಯಿತು, ಚಿಕ್ಕಪ್ಪನದೂ. ಎಲ್ಲರೂ ವಿಚಾರಣಾ ಮಂಡಳಿಯ ಮುಂದೆ ನಿಂತು, ತಾವು ಒಳ್ಳೆಯವರೆಂದು ಯಾರಿಂದಲಾದರೂ ಬರೆಸಿ ತರಬೇಕಾಗಿತ್ತು. ಆ ಕಾಗದಕ್ಕೆ ಜನ ಇಟ್ಟ ಹೆಸರು ಸೋಪಿನಪುಡಿ ಚೀಟಿ. ಒಮ್ಮೆ ಅದ್ದಿದರೆ ಸಾಕು, ಬೆಳ್ಳಗಾಗುತ್ತೀರಿ. ಯಹೂದಿಗಳ ಕೈಬರಹ ಸಿಕ್ಕರಂತೂ ಬಂಗಾರ. ಆದರೆ ಬರೆದುಕೊಡಲು ಊರಿನಲ್ಲಿ ಯಹೂದಿಗಳೆಲ್ಲಿ ಉಳಿದಿದ್ದರು?

ನಲವತ್ತೇಳರಲ್ಲಿ ಸೆಲ್ಮಾಳ ಕಾಗದ ಬಂತು, ಜೊತೆಗೆ ಒಂದು ಪೊಟ್ಟಣ ಕಾಫಿ. ಅಮ್ಮನ ಕೊನೆಯ ಕಾಗದ ನಲವತ್ತೊಂದರ ಡಿಸೆಂಬರಿನಲ್ಲಿ ಕೈಸೇರಿತ್ತಂತೆ. ಅದರಲ್ಲಿ ಹೀಗೆ ಇತ್ತಂತೆ: ‘ನನ್ನ ಚಿಂತೆ ಬೇಡ. ಶನಿವಾರ ಒಟಿಲಿ ತಪ್ಪದೇ ಬರುತ್ತಾಳೆ, ಕೋಣೆ ಬೆಚ್ಚಗಿರುತ್ತದೆ.’ ಸೆಲ್ಮಾ ಕೈಮುಗಿದು ಕೃತಜ್ಞತೆ ಹೇಳಿದ್ದಳು. ಕೊನೆಯಲ್ಲಿ ಒಂದೇ ಒಂದು ಪ್ರಶ್ನೆ: ‘ಕೊನೆಯವರೆಗೂ ಬೆಚ್ಚಗಿತ್ತೇ? ದಯವಿಟ್ಟು ಬರೆಯಿರಿ.’

ಚಿಕ್ಕಮ್ಮ ಮೂರು ದಿನ ಆ ಕಾಗದ ಮುಟ್ಟಲಿಲ್ಲ. ಚಿಕ್ಕಪ್ಪ ಮುಟ್ಟಿದ, ಓದಿದ, ಅತ್ತ.

‘ಇದನ್ನ ಮಂಡಳಿಗೆ ಕೊಟ್ರೆ ಗೇಟು ವಾಪಸ್ ಸಿಗುತ್ತೆ ಒಟಿಲಿ. ಮುದುಕನಾಗಿದ್ದೀನಿ, ಕಲ್ಲು ಒಡೆಯೋಕೆ ಕೈಲಾಗಲ್ಲ ಕಣೇ.’

‘ಸುಳ್ಳು ಅದು.’

‘ನಾವು ಬರೆದಿದ್ದಾ? ಅವರೇ ಬರೆದಿದ್ದು!’

‘ನೀನೇನಂತೀ ಲೋನಿ?’ ಎಂದಳು ನನ್ನ ಕಡೆ ತಿರುಗಿ. ಒಂದು ಮಾತು ನಾನು ‘ಬೇಡ’ ಎಂದಿದ್ದರೆ ಅವಳು ಕೊಡುತ್ತಿರಲಿಲ್ಲ, ಇದು ನನಗೆ ಗೊತ್ತು. ‘ಕೊಟ್ಟುಬಿಡು ಚಿಕ್ಕಮ್ಮ. ಸುಸ್ತಾಗಿದೆ ಎಲ್ಲರಿಗೂ’ ಎಂದೆ.

ಮಂಡಳಿಯ ಅಧ್ಯಕ್ಷರು ಕಾಗದವನ್ನು ಗಟ್ಟಿಯಾಗಿ ಓದಿದರು. ಕೊನೆಯ ಪ್ರಶ್ನೆಯನ್ನು ಮಾತ್ರ ಓದಲಿಲ್ಲ. ಚಿಕ್ಕಪ್ಪ ಆ ತುದಿಯನ್ನು ಮಡಿಸಿ ಕೊಟ್ಟಿದ್ದ. ಗೇಟು ಸಿಕ್ಕಿತು. ಬಾಬೆಟ್ಟೆ ತನ್ನ ಗಂಡನ ವಿಚಾರಣೆಯಲ್ಲಿ ‘ನಮ್ಮ ಓಣಿಯಿಂದ ಯಹೂದಿ ಅಮ್ಮನಿಗೆ ಒಲೆ ಹಚ್ತಿದ್ರು, ನಾವ್ಯಾರೂ ದೂರು ಕೊಡ್ಲಿಲ್ಲ’ ಎಂದು ಹೇಳಿ ಅವಳೂ ತೊಳೆದುಕೊಂಡಳು. ಅಲ್ಲಿಂದ ಮುಂದೆ ಅದು ಓಣಿಯ ಕಥೆಯಾಯಿತು. ಚಿಕ್ಕಮ್ಮ ಸೆಲ್ಮಾಳಿಗೆ ಉತ್ತರ ಬರೆಯಲೇ ಇಲ್ಲ. ಕ್ರಿಸ್‌ಮಸ್ಸಿಗೆ ಒಮ್ಮೊಮ್ಮೆ ಕಾರ್ಡು ಬರುತ್ತಿತ್ತು, ಅದನ್ನು ಡ್ರಾಯರಿನಲ್ಲಿ ಹಾಕಿ ಮುಚ್ಚುತ್ತಿದ್ದಳು. ಹದಿನಾಲ್ಕು ವರ್ಷ.

ಹೋದ ತಿಂಗಳು ಹಾಸಿಗೆ ಹಿಡಿದಾಗ ಒಂದು ಮಧ್ಯಾಹ್ನ ನನ್ನ ಕೈ ಹಿಡಿದಳು. ‘ಲೋನಿ, ಆವತ್ತು ನಿನ್ನ ಕಳಿಸಿದ್ನಲ್ಲ, ಮಂಡಿನೋವು ಅಂತ. ಆಕೆ ಬೇರೇನಾದ್ರೂ ಅಂದ್ರಾ?’

ಇಪ್ಪತ್ತು ವರ್ಷದಲ್ಲಿ ಮೊದಲ ಸಲ ಕೇಳಿದ್ದು. ಸಾಯುತ್ತಿರುವವಳಿಗೆ ಸುಳ್ಳು ಹೇಳಲು ನಾಲಿಗೆ ಬರಲಿಲ್ಲ. ‘ಇವತ್ತು ಚಳಿ, ಅಲ್ವಾ ಅಂದ್ರು’ ಎಂದೆ.

‘ನೀನೇನಂದೆ?’

‘ಹೌದು, ಚಳಿ ಅಂದೆ.’

ಬಯ್ಯುತ್ತಾಳೆ ಎಂದುಕೊಂಡೆ. ಬೈದಿದ್ದರೆ ಚೆನ್ನಾಗಿರುತ್ತಿತ್ತು. ಕೈ ಬಿಟ್ಟು ಗೋಡೆಯ ಕಡೆ ಹೊರಳಿದಳು. ‘ಆ ಹುಡುಗಿಗೆ ಬರೆದುಬಿಡೇ’ ಎಂದಳು. ಮತ್ತೆ ಒಲೆಯ ಮಾತು ಎತ್ತಲಿಲ್ಲ.

ಮಣ್ಣು ಮುಗಿಸಿ ಬಂದು ಕಾಫಿ ಕುಡಿದು ಎಲ್ಲರೂ ಹೋದ ಮೇಲೆ ಡ್ರಾಯರಿನಿಂದ ವಿಳಾಸ ಹುಡುಕಿ ಕೂತೆ. ಚಿಕ್ಕಮ್ಮನ ಮಂಡಿ ಚೆನ್ನಾಗಿಯೇ ಇತ್ತು ಎಂದು ಬರೆದೆ. ಹತ್ತೊಂಬತ್ತು ಶನಿವಾರ ನಮ್ಮ ಮನೆಯಿಂದ ಯಾರೂ ಒಲೆ ಹಚ್ಚಲು ಬರಲಿಲ್ಲ, ಕೋಣೆ ಬೆಚ್ಚಗಿರಲಿಲ್ಲ ಎಂದು ಬರೆದೆ. ಕೊನೆಯ ಸಾಲು ಬರೆಯಲು ಸಂಜೆಯಾಯಿತು. ‘ನಿಮ್ಮ ತಾಯಿ ನನಗೆ ಚಳಿ ಎಂದರು. ಸೌದೆ ಜೋಡಿಸಿತ್ತು, ಬೆಂಕಿಕಡ್ಡಿ ನನ್ನ ಕೈಗೆ ಎಟುಕುವಲ್ಲೇ ಇತ್ತು.’